ಕೇಸು ವಾಪಸ್ ಪಡೆಯುವ ಮುನ್ನ

ಹಾವೇರಿ, ರಾಣೆಬೆನ್ನೂರು, ಬ್ಯಾಡಗಿಯ ಕೋರ್ಟುಗಳಿಗೆ ಬರುವ ಸಿವಿಲ್ ದಾವೆಗಳಲ್ಲಿ ಹೊಲದ್ದು, ಬಾಂದಿನದ್ದು, ದಾರಿಯದ್ದು, ಪಾಲಿನದ್ದೇ ಹೆಚ್ಚು. ಅವುಗಳಲ್ಲಿ ಕೆಲವು ತೀರ್ಪು ಬಂದು ಮುಗಿಯುತ್ತವೆ, ಕೆಲವು ರಾಜಿಯಲ್ಲಿ ಮುಗಿಯುತ್ತವೆ. ಸದ್ದಿಲ್ಲದೆ ಮುಗಿಯುವ ಇನ್ನೊಂದು ಬಗೆಯಿದೆ. ದಾವೆ ಹೂಡಿದವರೇ ಅದನ್ನು ವಾಪಸ್ ಪಡೆಯುತ್ತಾರೆ. ಊರ ಹಿರಿಯರು ಇಬ್ಬರನ್ನೂ ಕೂಡಿಸಿ, "ಅಣ್ಣತಮ್ಮಂದ್ರು ಎಷ್ಟು ದಿನ ಕೋರ್ಟಿಗೆ ಅಡ್ಡಾಡ್ತೀರಿ? ಮೊದ್ಲ ನೀ ಕೇಸು ವಾಪಸ್ ತಗೋಳಪಾ, ಆಮ್ಯಾಲೆ ಕುಂತು ಬಗೆಹರಿಸೋಣು" ಎನ್ನುತ್ತಾರೆ. ಮಾತಿನಲ್ಲಿ ಕಳಕಳಿಯೇ ಇರುತ್ತದೆ. ಮುಂದಿನ ತಾರೀಖಿಗೆ ಒಂದು ಸಾಲಿನ ಮೆಮೊ ಕೋರ್ಟಿಗೆ ಹೋಗುತ್ತದೆ, ದಾವೆ "ನಾಟ್ ಪ್ರೆಸ್ಡ್" ಎಂದು ವಜಾ ಆಗುತ್ತದೆ. ಆರು ತಿಂಗಳ ಮೇಲೆ ಮಾತುಕತೆ ಮುರಿದುಬಿದ್ದು ಮತ್ತೆ ವಕೀಲರ ಕಚೇರಿಯ ಮೆಟ್ಟಿಲು ಹತ್ತಿದಾಗ, ಆ ವಿಷಯಕ್ಕೆ ಇನ್ನೊಮ್ಮೆ ದಾವೆ ಹಾಕಲು ಬರುವುದಿಲ್ಲ ಎಂಬುದು ಗೊತ್ತಾಗುತ್ತದೆ.

ವಿಚಾರಣೆಯೇ ಇಲ್ಲದೆ, ಸಾಕ್ಷಿಯೇ ಇಲ್ಲದೆ, ಎದುರಾಳಿ ಒಂದು ಮಾತೂ ಆಡದೆ ಹಕ್ಕು ಹೋಗಿಬಿಡುವುದು ಇಲ್ಲಿ. ಸೋತು ಕಳೆದುಕೊಂಡರೆ ಮೇಲ್ಮನವಿಯಾದರೂ ಇರುತ್ತದೆ. ಆದ್ದರಿಂದ ಇದನ್ನು ಸ್ವಲ್ಪ ವಿವರವಾಗಿ ಬರೆಯುತ್ತಿದ್ದೇನೆ.

ಕಾನೂನು ಇರುವುದು 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 23, ನಿಯಮ 1ರಲ್ಲಿ. ವಾದಿ ತನ್ನ ದಾವೆಯನ್ನು ಪೂರ್ತಿಯಾಗಿಯೋ ಒಂದು ಭಾಗವನ್ನಷ್ಟೇ ಆಗಿಯೋ, ಎಲ್ಲ ಪ್ರತಿವಾದಿಗಳ ಮೇಲೋ ಒಬ್ಬರ ಮೇಲಷ್ಟೇ ಆಗಿಯೋ ಬಿಟ್ಟುಕೊಡಬಹುದು. ಅದಕ್ಕೆ ಸಾಮಾನ್ಯವಾಗಿ ಯಾರ ಅಪ್ಪಣೆಯೂ ಬೇಡ. ಆದರೆ ಹಾಗೆ ಅಪ್ಪಣೆಯಿಲ್ಲದೆ ಬಿಟ್ಟುಕೊಟ್ಟರೆ ಅದೇ ನಿಯಮದ ನಾಲ್ಕನೇ ಉಪನಿಯಮ ಎರಡು ಪರಿಣಾಮ ಹೇಳುತ್ತದೆ: ಕೋರ್ಟು ವಿಧಿಸಿದ ಖರ್ಚು ಕೊಡಬೇಕು, ಮತ್ತು ಅದೇ ವಿಷಯವಸ್ತುವಿನ ಮೇಲೆ ಹೊಸ ದಾವೆ ಹೂಡುವಂತಿಲ್ಲ. ಬಾಗಿಲು ತೆರೆದಿಟ್ಟುಕೊಂಡು ಹೊರಬರಬೇಕಾದರೆ ಮೂರನೇ ಉಪನಿಯಮದ ದಾರಿಯಲ್ಲಿ ಬರಬೇಕು. ಹೊಸ ದಾವೆ ಹೂಡುವ ಸ್ವಾತಂತ್ರ್ಯ ಕಾಯ್ದಿರಿಸಿ ವಾಪಸ್ ಪಡೆಯಲು ಅನುಮತಿ ಕೊಡಿ ಎಂದು ಅರ್ಜಿ ಹಾಕಿ, ಕಾರಣ ತೋರಿಸಿ, ಕೋರ್ಟಿನ ಆದೇಶ ಪಡೆಯಬೇಕು.

ಕಾರಣಗಳು ಎರಡು ಬಗೆ. ಒಂದು, ತಾಂತ್ರಿಕ ದೋಷದಿಂದ ಈ ದಾವೆ ಬಿದ್ದೇ ಬೀಳುತ್ತದೆ ಎಂಬುದು. ಇನ್ನೊಂದು, ಹೊಸ ದಾವೆಗೆ ಅವಕಾಶ ಕೊಡಲು ಬೇರೆ ಸಾಕಷ್ಟು ಆಧಾರವಿದೆ ಎಂಬುದು. ತಾಂತ್ರಿಕ ದೋಷ ಎಂದರೆ ದಾವೆಯ ತಿರುಳಿಗೆ ತಾಕದ, ಹೂಡಿದ ರೀತಿಯಲ್ಲಿ ಆದ ಕೊರತೆ. ನಮ್ಮ ಕಡೆ ಇದಕ್ಕೆ ಉದಾಹರಣೆ ಹುಡುಕಬೇಕಾಗಿಲ್ಲ. ಮೋಟೆಬೆನ್ನೂರಿನ ಕಡೆಯ ರೈತರೊಬ್ಬರು ಬಾಂದು ಒತ್ತುವರಿಯ ಮೇಲೆ ದಾವೆ ಹೂಡಿದ್ದಾರೆ ಎಂದಿಟ್ಟುಕೊಳ್ಳೋಣ. ಹೊಲ ಯಾವತ್ತೋ ಪೋಡಿಯಾಗಿ ಹಿಸ್ಸಾ ನಂಬರ್ ಬದಲಾಗಿದೆ. ದಾವೆಯಲ್ಲಿ ಹಳೆಯ ಉತಾರದ ನಂಬರನ್ನೇ ಬರೆಸಿದ್ದಾರೆ. ಚೆಕ್ಕುಬಂದಿಯೂ ಹಳೆಯದೇ. ಮೋಜಣಿದಾರರು ಬಂದು ಅಳೆದಾಗ ಕಾಗದದ ಹೊಲವೇ ಬೇರೆ, ನೆಲದ ಮೇಲಿನ ಹೊಲವೇ ಬೇರೆ. ಇಂಥದ್ದೇ ಪ್ರಶ್ನೆ ವಿ. ರಾಜೇಂದ್ರನ್ ವಿರುದ್ಧ ಅಣ್ಣಾಸಾಮಿ ಪಾಂಡಿಯನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂತು. ಸರ್ವೆ ನಂಬರಿನ ನಮೂದಿನಲ್ಲಿ ಆದ ತಪ್ಪು ತಾಂತ್ರಿಕ ದೋಷವೇ, ಹೊಸ ದಾವೆಯ ಸ್ವಾತಂತ್ರ್ಯ ಕೊಟ್ಟು ವಾಪಸ್ ಪಡೆಯಲು ಬಿಟ್ಟದ್ದು ಸರಿ ಎಂದು 2017ರಲ್ಲಿ ನ್ಯಾಯಾಲಯ ಹೇಳಿತು.

ಸರ್ಕಾರದ ಮೇಲಿನ ದಾವೆಯಲ್ಲಿ 80ನೇ ಕಲಮಿನ ಎರಡು ತಿಂಗಳ ನೋಟಿಸು ಕೊಡದೇ ಹೋದದ್ದು ಇನ್ನೊಂದು ಸಾಮಾನ್ಯ ದೋಷ. ಸಹಕಾರ ಸಂಘದ ಮೇಲಿನ ದಾವೆಗೂ ನೋಟಿಸಿನ ನಿಯಮವಿದೆ. ಅಷ್ಟೇ ಅಲ್ಲ, ಸಂಘದ ವ್ಯವಹಾರದ ತಕರಾರು 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯ 70ನೇ ಕಲಮಿನಂತೆ ಸಹಕಾರ ಇಲಾಖೆಯ ನಿಬಂಧಕರ ಮುಂದೆ ಹೋಗಬೇಕು, ಸಿವಿಲ್ ಕೋರ್ಟಿಗೆ ಬರುವಂತೆಯೇ ಇಲ್ಲ.

ಹೀಗೆಂದು, ಕೇಸು ಕೈಕೊಡುತ್ತಿದೆ ಎಂದು ಕಂಡಾಗಲೆಲ್ಲ ಈ ಅನುಮತಿ ಸಿಗುತ್ತದೆ ಎಂದಲ್ಲ. ಸಾಕ್ಷಿ ಸರಿಯಾಗಿ ನುಡಿಯಲಿಲ್ಲ, ದಾಖಲೆ ಹಾಜರುಪಡಿಸಲು ಮರೆತೆವು, ನ್ಯಾಯಾಧೀಶರ ಒಲವು ಆ ಕಡೆ ಕಾಣುತ್ತಿದೆ ಎಂಬುವು ಕಾರಣಗಳಲ್ಲ. ಕೆ.ಎಸ್. ಭೂಪತಿ ವಿರುದ್ಧ ಕೋಕಿಲಾ ಪ್ರಕರಣದಲ್ಲಿ ಎರಡನೇ ಮೇಲ್ಮನವಿಯ ಹಂತದಲ್ಲಿ ಹೈಕೋರ್ಟು ಕೊಟ್ಟಿದ್ದ ಇಂಥ ಅನುಮತಿಯನ್ನು ಸುಪ್ರೀಂ ಕೋರ್ಟು 2000ರಲ್ಲಿ ರದ್ದು ಮಾಡಿತು. ಅಷ್ಟರವರೆಗೆ ಹೋರಾಡಿ ಪ್ರತಿವಾದಿ ಗಳಿಸಿಕೊಂಡದ್ದನ್ನು ಒಂದು ಅರ್ಜಿಯಿಂದ ಅಳಿಸಿಹಾಕಬಾರದು ಎಂಬ ವಿವೇಕ ಅದರ ಹಿಂದಿದೆ. ಇದು ನ್ಯಾಯವೇ. ಹತ್ತು ವರ್ಷ ತಾರೀಖು ತಿರುಗಿದ ಎದುರು ಪಕ್ಷದವರೂ ನಮ್ಮ ಊರಿನವರೇ ತಾನೇ.

ಈಗ ಬೇರೆ ಪರಿಹಾರಗಳ ಪ್ರಶ್ನೆಗೆ ಬರೋಣ. ಒಂದು ಕೋರ್ಟಿನಲ್ಲಿ ವಾಪಸ್ ಪಡೆದರೆ ಇನ್ನೊಂದು ಕಡೆಯ ದಾರಿಯೂ ಮುಚ್ಚುತ್ತದೆಯೇ? ಇದಕ್ಕೆ ಅಡಿಗಲ್ಲಿನಂಥ ತೀರ್ಪು ಸರ್ಗುಜಾ ಟ್ರಾನ್ಸ್‌ಪೋರ್ಟ್ ಸರ್ವಿಸ್ ಪ್ರಕರಣದ್ದು. ಬರೆದವರು ನಮ್ಮ ಮಂಡ್ಯ ಜಿಲ್ಲೆಯಿಂದ ಹೋಗಿ 1989ರಲ್ಲಿ ಭಾರತದ ಮುಖ್ಯ ನ್ಯಾಯಮೂರ್ತಿಯಾದ ಇ.ಎಸ್. ವೆಂಕಟರಾಮಯ್ಯ. ಮಧ್ಯಪ್ರದೇಶದ ಒಂದು ಬಸ್ ಸಂಸ್ಥೆ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಿ, ಅನುಮತಿ ಕೇಳದೆ ವಾಪಸ್ ಪಡೆದು, ಮತ್ತೆ ಅದನ್ನೇ ಹಾಕಿತ್ತು. ಆದೇಶ 23 ದಾವೆಗಳಿಗೆ ಬರೆದದ್ದಾದರೂ ಅದರ ತತ್ವ ರಿಟ್ ಅರ್ಜಿಗೂ ಅನ್ವಯ, ಎರಡನೇ ರಿಟ್ ನಡೆಯದು ಎಂದು 1986ರಲ್ಲಿ ತೀರ್ಪಾಯಿತು. ಅದೇ ತೀರ್ಪು ಇನ್ನೊಂದು ಮಾತನ್ನೂ ಹೇಳಿತು, ಸಾಮಾನ್ಯರಿಗೆ ಹೆಚ್ಚು ಬೇಕಾದದ್ದು ಅದು: ವಾಪಸ್ ಪಡೆದದ್ದು ತೀರ್ಮಾನವಾದಂತೆ ಅಲ್ಲ, ಆದ್ದರಿಂದ ಸಿವಿಲ್ ದಾವೆಯಂಥ ಬೇರೆ ಪರಿಹಾರಗಳಿಗೆ ಅದರಿಂದ ತಡೆಯಿಲ್ಲ. ಧಾರವಾಡದ ಹೈಕೋರ್ಟ್ ಪೀಠದಲ್ಲಿ ರಿಟ್ ಹಾಕಿದವರಿಗೆ "ಇದರಲ್ಲಿ ಸಾಕ್ಷ್ಯ ವಿಚಾರಣೆ ಬೇಕು, ಸಿವಿಲ್ ಕೋರ್ಟಿಗೆ ಹೋಗಿ" ಎಂಬ ಮಾತು ಬಂದಾಗ ರಿಟ್ ವಾಪಸ್ ಪಡೆದು ರಾಣೆಬೆನ್ನೂರಿನಲ್ಲೋ ಹಾವೇರಿಯಲ್ಲೋ ದಾವೆ ಹೂಡಲು ಸಾಧ್ಯವಾಗುವುದು ಈ ತತ್ವದಿಂದ.

ಇದನ್ನು ನೆಚ್ಚಿಕೊಂಡು ಮಾತ್ರ ಕೂರಬಾರದು. ನಿಯಮದ ವ್ಯಾಪ್ತಿ ವರ್ಷದಿಂದ ವರ್ಷಕ್ಕೆ ಹಬ್ಬುತ್ತಿದೆ. ಮಧ್ಯಸ್ಥಗಾರರನ್ನು ನೇಮಿಸಿ ಎಂದು ಕೋರ್ಟಿಗೆ ಹಾಕುವ ಅರ್ಜಿಗೂ ಅದು ಅನ್ವಯ ಎಂದು ಎಚ್‌ಪಿಸಿಎಲ್ ಬಯೋ-ಫ್ಯೂಯೆಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2024ರ ನವೆಂಬರಿನಲ್ಲಿ ಹೇಳಿತು. ಮೊದಲ ಅರ್ಜಿಯನ್ನು ಸ್ವಾತಂತ್ರ್ಯ ಕಾಯ್ದಿರಿಸದೆ ವಾಪಸ್ ಪಡೆದವರಿಗೆ ಎರಡನೆಯದು ಸಿಗಲಿಲ್ಲ. ಕಾನೂನಿನ ಪುಸ್ತಕದಲ್ಲಿ "ದಾವೆ" ಎಂದು ಮಾತ್ರ ಇದೆ, ನನ್ನದು ದಾವೆಯಲ್ಲ, ಅರ್ಜಿ ಎಂಬ ವಾದಕ್ಕೆ ಇನ್ನು ಹೆಚ್ಚು ಬಲವಿಲ್ಲ. ಬೇರೆ ವೇದಿಕೆಗೆ ಹೋಗುವ ಉದ್ದೇಶವಿದ್ದರೆ ಆ ವೇದಿಕೆಯ ಹೆಸರು ಹಿಡಿದು ಅರ್ಜಿಯಲ್ಲಿ ಬರೆಸುವುದು, ಆದೇಶದಲ್ಲಿ ಆ ಮಾತು ಬರುವಂತೆ ನೋಡಿಕೊಳ್ಳುವುದು ಒಳ್ಳೆಯದು.

ರಾಣೆಬೆನ್ನೂರಿನ ಬೀಜದ ವಿಷಯ ತೆಗೆದುಕೊಳ್ಳಿ. ಹತ್ತಿ, ಮೆಣಸಿನಕಾಯಿ, ಟೊಮೆಟೊ ಹೈಬ್ರಿಡ್ ಬೀಜೋತ್ಪಾದನೆಗೆ ಈ ತಾಲ್ಲೂಕು ಹೆಸರಾದದ್ದು. ಕಂಪನಿ ಕೊಟ್ಟ ಬೀಜ ಮೊಳೆಯಲಿಲ್ಲ, ಅಥವಾ ಬೆಳೆದು ಕೊಟ್ಟ ಬೀಜವನ್ನು ಗುಣಮಟ್ಟದ ನೆಪ ಹೇಳಿ ತಿರಸ್ಕರಿಸಿದರು ಎಂದು ರೈತರೊಬ್ಬರು ಪರಿಹಾರಕ್ಕಾಗಿ ಸಿವಿಲ್ ದಾವೆ ಹೂಡುತ್ತಾರೆ. ನಷ್ಟದ ಮೊತ್ತದ ಮೇಲೆ ಕೋರ್ಟ್ ಶುಲ್ಕ ಕಟ್ಟಬೇಕು, ವರ್ಷಗಳು ಹಿಡಿಯುತ್ತವೆ. ಆಮೇಲೆ ಯಾರೋ ಹೇಳುತ್ತಾರೆ, ಹಾವೇರಿಯ ಜಿಲ್ಲಾ ಗ್ರಾಹಕ ಆಯೋಗಕ್ಕೆ ಹೋಗಬಹುದಿತ್ತಲ್ಲ ಎಂದು. ನಿಜ, ಹೋಗಬಹುದು. ನ್ಯಾಷನಲ್ ಸೀಡ್ಸ್ ಕಾರ್ಪೊರೇಷನ್ ವಿರುದ್ಧ ಎಂ. ಮಧುಸೂದನ್ ರೆಡ್ಡಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2012ರಲ್ಲಿ ಬೀಜ ಕೊಂಡ ರೈತರಷ್ಟೇ ಅಲ್ಲ, ಕಂಪನಿಗೆ ಬೀಜ ಬೆಳೆದುಕೊಡುವ ರೈತರೂ ಗ್ರಾಹಕರೇ ಎಂದು ಒಪ್ಪಿತು. ಒಪ್ಪಂದದಲ್ಲಿ ಮಧ್ಯಸ್ಥಿಕೆಯ ಷರತ್ತಿದ್ದರೂ ಗ್ರಾಹಕ ವೇದಿಕೆಯ ದಾರಿ ಮುಚ್ಚದು ಎಂದೂ ಹೇಳಿತು. ನಮ್ಮ ಬೀಜೋತ್ಪಾದಕರ ಮನೆಯಲ್ಲಿ ಕಟ್ಟು ಹಾಕಿಸಿ ಇಡಬೇಕಾದ ತೀರ್ಪು ಅದು. 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯ 100ನೇ ಕಲಂ ಕೂಡ ಈ ಪರಿಹಾರ ಬೇರೆ ಕಾನೂನುಗಳ ಜೊತೆಗೆ ಹೆಚ್ಚುವರಿ ಎಂದೇ ಹೇಳುತ್ತದೆ. ಆದರೆ ಗ್ರಾಹಕ ದೂರಿಗೆ ಕಾಲಮಿತಿ ಎರಡು ವರ್ಷ. ಸಿವಿಲ್ ದಾವೆಯಲ್ಲಿ ಮೂರು ವರ್ಷ ಕಳೆದು ವಾಪಸ್ ಪಡೆದವರು ಆಯೋಗದ ಮುಂದೆ ಮೊದಲು ವಿಳಂಬಕ್ಕೆ ಕಾರಣ ಹೇಳಬೇಕು. ಎದುರು ವಕೀಲರು ಕೇಳುವ ಮೊದಲ ಪ್ರಶ್ನೆಯೇ "ಅಲ್ಲಿ ಯಾವ ಷರತ್ತಿನ ಮೇಲೆ ವಾಪಸ್ ಪಡೆದಿರಿ?" ಎಂಬುದು. "ಗ್ರಾಹಕ ಆಯೋಗವನ್ನು ಸಂಪರ್ಕಿಸುವ ಸ್ವಾತಂತ್ರ್ಯದೊಂದಿಗೆ" ಎಂಬ ಸಾಲು ಆದೇಶದಲ್ಲಿದ್ದರೆ ಉತ್ತರ ಸುಲಭ. ಇಲ್ಲವಾದರೆ ವಾದದ ಮೇಲೆ ವಾದ.

ತುಂಗಾ ಮೇಲ್ದಂಡೆ ಕಾಲುವೆಗೆ ಜಮೀನು ಕೊಟ್ಟವರು ಈ ಮೂರೂ ತಾಲ್ಲೂಕಿನಲ್ಲಿದ್ದಾರೆ. ರಾಷ್ಟ್ರೀಯ ಹೆದ್ದಾರಿ 48ಕ್ಕೆ ಕೊಟ್ಟವರೂ ಇದ್ದಾರೆ. ಪರಿಹಾರ ಕಡಿಮೆಯಾಯಿತೆಂದು ಸಿವಿಲ್ ದಾವೆ ಹೂಡಿದರೆ ಅದು ನಡೆಯುವುದಿಲ್ಲ. 2013ರ ಭೂಸ್ವಾಧೀನ ಕಾಯ್ದೆಯ 63ನೇ ಕಲಂ ಸಿವಿಲ್ ಕೋರ್ಟಿನ ಬಾಗಿಲು ಮುಚ್ಚಿದೆ. 64ನೇ ಕಲಮಿನಂತೆ ಭೂಸ್ವಾಧೀನ ಅಧಿಕಾರಿಗೆ ಅರ್ಜಿ ಕೊಟ್ಟು ಪ್ರಾಧಿಕಾರಕ್ಕೆ ಒಪ್ಪಿಸಲು ಕೇಳಬೇಕು. ಹೆದ್ದಾರಿಯ ಜಮೀನಾದರೆ 1956ರ ಹೆದ್ದಾರಿ ಕಾಯ್ದೆಯಡಿ ಸರ್ಕಾರ ನೇಮಿಸಿದ ಮಧ್ಯಸ್ಥಗಾರರ ಬಳಿ ಹೋಗಬೇಕು. ದಾವೆ ತಪ್ಪು ಕಡೆ ಬಿದ್ದಿದೆ ಎಂದು ತಿಳಿದ ದಿನವೇ ವಾಪಸ್ ಪಡೆದು ಸರಿಯಾದ ಕಡೆ ಹೋಗಬೇಕು. ಏಕೆಂದರೆ 64ನೇ ಕಲಮಿನ ಗಡುವು ವಾರಗಳ ಲೆಕ್ಕದ್ದು: ಐತೀರ್ಪಿನ ವೇಳೆ ಹಾಜರಿದ್ದವರಿಗೆ ಆರು ವಾರ, ಉಳಿದವರಿಗೆ ನೋಟಿಸು ತಲುಪಿ ಆರು ವಾರ ಅಥವಾ ಐತೀರ್ಪಾಗಿ ಆರು ತಿಂಗಳು, ಯಾವುದು ಮೊದಲೋ ಅದು. ತಕ್ಕ ಕಾರಣವಿದ್ದರೆ ಇನ್ನೊಂದು ವರ್ಷದೊಳಗಿನ ಅರ್ಜಿಯನ್ನು ಪರಿಗಣಿಸುವ ಅಧಿಕಾರ ಅಧಿಕಾರಿಗಿದೆ, ಅಷ್ಟೇ.

ಕಾಲಮಿತಿಯ ಈ ಮಾತನ್ನು ಇನ್ನಷ್ಟು ಒತ್ತಿ ಹೇಳಬೇಕು. ಅನುಮತಿ ಸಿಕ್ಕಿತು, ಇನ್ನು ಚಿಂತೆಯಿಲ್ಲ ಎಂದುಕೊಂಡು ಕೆಟ್ಟವರು ಬಹಳ. ಆದೇಶ 23ರ ಎರಡನೇ ನಿಯಮ ನಿಷ್ಠುರವಾಗಿದೆ: ಅನುಮತಿ ಪಡೆದು ಹೂಡುವ ಹೊಸ ದಾವೆಗೆ, ಮೊದಲ ದಾವೆಯೇ ಇರಲಿಲ್ಲ ಎಂಬಂತೆ ಕಾಲಮಿತಿ ಲೆಕ್ಕ ಹಾಕಬೇಕು. ಹೊಲದ ಖರೀದಿ ಕರಾರು ಮಾಡಿಕೊಂಡು ಸಂಚಗಾರ ಕೊಟ್ಟಿದ್ದೀರಿ, ಮಾರುವವರು 2022ರ ಆಗಸ್ಟಿನಲ್ಲಿ ಖರೀದಿ ಪತ್ರ ಬರೆದುಕೊಡಲು ನಿರಾಕರಿಸಿದರು. ಕರಾರಿನಲ್ಲಿ ಬೇರೆ ದಿನಾಂಕ ಗೊತ್ತುಮಾಡಿಲ್ಲದಿದ್ದರೆ ಅಲ್ಲಿಂದ ಮೂರು ವರ್ಷ. 2023ರಲ್ಲಿ ದಾವೆ ಹೂಡಿದಿರಿ. 2026ರಲ್ಲಿ ಏನೋ ದೋಷ ಕಂಡು, ಕೋರ್ಟಿನ ಅನುಮತಿಯನ್ನೂ ಪಡೆದು, ಸ್ವಾತಂತ್ರ್ಯ ಕಾಯ್ದಿರಿಸಿಕೊಂಡೇ ವಾಪಸ್ ಪಡೆದಿರಿ. ಹೊಸ ದಾವೆಯ ಕಾಲಮಿತಿ 2025ರ ಆಗಸ್ಟಿಗೇ ಮುಗಿದಿದೆ. ಕೈಯಲ್ಲಿರುವ ಅನುಮತಿ ಆಗ ಬರೀ ಕಾಗದ.

ಇದಕ್ಕೊಂದು ವಿನಾಯಿತಿ 1963ರ ಕಾಲಮಿತಿ ಕಾಯ್ದೆಯ 14ನೇ ಕಲಮಿನಲ್ಲಿದೆ. ಅಧಿಕಾರವ್ಯಾಪ್ತಿಯಿಲ್ಲದ ಕೋರ್ಟಿನಲ್ಲಿ, ಅಥವಾ ಅಂಥದ್ದೇ ಇನ್ನೊಂದು ದೋಷದಿಂದ ತೀರ್ಮಾನಿಸಲಾಗದ ಕೋರ್ಟಿನಲ್ಲಿ, ಪ್ರಾಮಾಣಿಕವಾಗಿ ಮತ್ತು ಶ್ರದ್ಧೆಯಿಂದ ಕಳೆದ ಅವಧಿಯನ್ನು ಲೆಕ್ಕದಿಂದ ಬಿಡಬಹುದು. ಅಂಥ ದೋಷದ ಕಾರಣಕ್ಕೇ ವಾಪಸ್ ಪಡೆಯಲು ಅನುಮತಿ ಸಿಕ್ಕಿದ್ದರೆ, ಆದೇಶ 23ರ ಎರಡನೇ ನಿಯಮ ಅಡ್ಡ ಬರುವುದಿಲ್ಲ ಎಂದು ಅದೇ ಕಲಮಿನ ಮೂರನೇ ಉಪಕಲಂ ಹೇಳುತ್ತದೆ. ಗ್ರಾಹಕ ವೇದಿಕೆಯಲ್ಲಿ ಕಳೆದ ಕಾಲಕ್ಕೆ 14ನೇ ಕಲಮಿನ ಲಾಭ ಕೇಳಿಕೊಂಡು ಸಿವಿಲ್ ಕೋರ್ಟಿಗೆ ಹೋಗಲು ಲಕ್ಷ್ಮಿ ಎಂಜಿನಿಯರಿಂಗ್ ವರ್ಕ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 1995ರಲ್ಲಿ ದಾರಿ ಬಿಟ್ಟುಕೊಟ್ಟಿತ್ತು. ಹಾಗಾಗಿ ವಾಪಸಾತಿಯ ಆದೇಶದಲ್ಲಿ ಕಾರಣ ಏನೆಂದು ಬರೆದಿದೆ ಎಂಬುದು ತುಂಬ ಮುಖ್ಯ. "ವ್ಯಾಪ್ತಿಯಿಲ್ಲದ ಕಾರಣ" ಎಂದಿದ್ದರೆ ಕಳೆದ ವರ್ಷಗಳು ಉಳಿಯಬಹುದು. "ವಾದಿಯ ಕೋರಿಕೆಯಂತೆ" ಎಂದಷ್ಟೇ ಇದ್ದರೆ ಅವು ಹೋದಂತೆಯೇ.

ನನ್ನ ಅಭಿಪ್ರಾಯ ಕೇಳಿದರೆ, ತಿದ್ದುಪಡಿಯಲ್ಲಿ ಸರಿಹೋಗುವುದಕ್ಕೆ ವಾಪಸಾತಿ ಬೇಡ. ಸರ್ವೆ ನಂಬರೋ ಚೆಕ್ಕುಬಂದಿಯೋ ತಪ್ಪಿದ್ದರೆ ಮೊದಲು ಆದೇಶ 6, ನಿಯಮ 17ರಡಿ ತಿದ್ದುಪಡಿ ಕೇಳಬೇಕು. ದಾವೆ ಹೂಡಿದ ಮೂಲ ತಾರೀಖು ಸಾಮಾನ್ಯವಾಗಿ ಉಳಿಯುತ್ತದೆ, ಕಟ್ಟಿದ ಶುಲ್ಕವೂ ಉಳಿಯುತ್ತದೆ. ವಿಚಾರಣೆ ಶುರುವಾದ ಮೇಲೆ ತಿದ್ದುಪಡಿ ಕಷ್ಟ, ಮೊದಲೇ ಏಕೆ ಕೇಳಲಿಲ್ಲ ಎಂಬುದಕ್ಕೆ ಉತ್ತರ ಕೊಡಬೇಕಾಗುತ್ತದೆ. ಪಕ್ಷಕಾರರೊಬ್ಬರನ್ನು ಸೇರಿಸುವುದು ಬಿಟ್ಟುಹೋಗಿದ್ದರೂ ಸೇರಿಸಲು ಅರ್ಜಿ ಹಾಕಬಹುದು. ಇವು ಯಾವುವೂ ಆಗದು ಎಂದಾಗ ಮಾತ್ರ ವಾಪಸಾತಿ.

ವಾಪಸ್ ಪಡೆದ ದಿನ ಇನ್ನೂ ಎರಡು ರಕ್ಷಣೆಗಳು ಹೋಗುತ್ತವೆ. ಇದ್ದ ತಾತ್ಕಾಲಿಕ ತಡೆಯಾಜ್ಞೆ ದಾವೆಯ ಜೊತೆಗೇ ಮುಗಿಯುತ್ತದೆ, ಮರುದಿನ ಬೆಳಿಗ್ಗೆ ದಾರಿಗೆ ಅಡ್ಡ ಗೋಡೆ ಏಳಬಹುದು. ದಾವೆ ನಡೆಯುತ್ತಿದ್ದಾಗ ಎದುರಿನವರು ಆಸ್ತಿ ಮಾರಿದರೆ ಕೊಂಡವರೂ ತೀರ್ಪಿಗೆ ಬದ್ಧರು ಎಂಬ ಆಸ್ತಿ ವರ್ಗಾವಣೆ ಕಾಯ್ದೆಯ 52ನೇ ಕಲಮಿನ ಆಸರೆಯೂ ತಪ್ಪುತ್ತದೆ. ಹೊಸ ದಾವೆಯ ಕಾಗದ ಸಿದ್ಧವಿಟ್ಟುಕೊಂಡು ಹಳೆಯದನ್ನು ವಾಪಸ್ ಪಡೆಯುವ ವಕೀಲರು ಇದಕ್ಕಾಗಿಯೇ ಹಾಗೆ ಮಾಡುತ್ತಾರೆ.

ಪಾಲಿನ ದಾವೆ ಸ್ವಲ್ಪ ಬೇರೆ. ಆಸ್ತಿ ಒಟ್ಟಾಗಿರುವವರೆಗೆ ಪಾಲು ಕೇಳುವ ಹಕ್ಕು ಜೀವಂತವಾಗಿರುತ್ತದೆ, ಹಾಗಾಗಿ ಒಮ್ಮೆ ವಾಪಸ್ ಪಡೆದದ್ದರಿಂದ ಅದು ಸಾಮಾನ್ಯವಾಗಿ ಸಾಯುವುದಿಲ್ಲ ಎಂದು ನ್ಯಾಯಾಲಯಗಳು ನೋಡುತ್ತ ಬಂದಿವೆ. ವಿಷಯವಸ್ತು ಎಂದರೆ ಆಸ್ತಿಯಷ್ಟೇ ಅಲ್ಲ, ಪರಿಹಾರ ಕೇಳಲು ಕಾರಣವಾದ ಸಂಗತಿಗಳೂ ಹೌದು, ಆ ಸಂಗತಿಗಳು ಬೇರೆಯಾದರೆ ತಡೆಯಿಲ್ಲ ಎಂದು ವಲ್ಲಭದಾಸ್ ವಿರುದ್ಧ ಮದನ್ ಲಾಲ್ ಪ್ರಕರಣದಲ್ಲಿ 1970ರಷ್ಟು ಹಿಂದೆಯೇ ತೀರ್ಪಾಗಿದೆ. ಆದರೆ ಅಕ್ಕತಂಗಿಯರು ಸೇರಿ ಹೂಡಿದ ದಾವೆಯನ್ನು ಒಬ್ಬಾಕೆಯ ಸಹಿಯಿಂದ ಎಲ್ಲರ ಪರವಾಗಿ ಮುಗಿಸಲು ಬರುವುದಿಲ್ಲ. ಉಳಿದ ವಾದಿಗಳ ಒಪ್ಪಿಗೆ ಬೇಕೆಂದು ಐದನೇ ಉಪನಿಯಮವೇ ಹೇಳುತ್ತದೆ. ವಾದಿ ಅಪ್ರಾಪ್ತ ವಯಸ್ಸಿನವರಾದರೆ ಕೋರ್ಟಿನ ಅನುಮತಿಯಿಲ್ಲದೆ ದಾವೆಯನ್ನಾಗಲೀ ಅದರ ಒಂದು ಭಾಗವನ್ನಾಗಲೀ ಬಿಡುವಂತಿಲ್ಲ. ಅಣ್ಣಂದಿರ ಮಾತು ಕೇಳಿ ಪಾಲಿನ ಕೇಸು ಬಿಟ್ಟುಕೊಟ್ಟ ಹೆಣ್ಣುಮಕ್ಕಳು ನಮ್ಮ ಸೀಮೆಯಲ್ಲಿ ಎಷ್ಟೋ ಮಂದಿ. ಹಕ್ಕು ಮುಗಿದೇ ಹೋಯಿತು ಎಂದು ತಾವೇ ತಿಳಿದು ಅವರು ಸುಮ್ಮನಿರಬೇಕಾಗಿಲ್ಲ.

ಲೋಕ ಅದಾಲತ್ತಿನ ರಾಜಿಯನ್ನು ವಾಪಸಾತಿಯೆಂದು ತಿಳಿಯಬಾರದು. ಅಲ್ಲಿನ ಐತೀರ್ಪು ಡಿಕ್ರಿಗೆ ಸಮ, ಅದರ ಮೇಲೆ ಮೇಲ್ಮನವಿಯಿಲ್ಲ. ಕಟ್ಟಿದ ಕೋರ್ಟ್ ಶುಲ್ಕ ಮರಳಿ ಬರುತ್ತದೆ ಎಂಬುದು ಅದರ ಅನುಕೂಲ. ಹಿರಿಯರ ಮುಂದೆ ಮಾತು ನಿಜವಾಗಿ ಬಗೆಹರಿದಿದ್ದರೆ ಅದನ್ನೇ ಷರತ್ತುಗಳ ಸಮೇತ ಬರೆದು ರಾಜಿ ಡಿಕ್ರಿ ಮಾಡಿಸಿಕೊಳ್ಳಿ. ಬಗೆಹರಿಯುವ ಮುನ್ನವೇ ದಾವೆ ವಾಪಸ್ ಪಡೆಯಿರಿ ಎನ್ನುವವರಿಗೆ ಗೌರವದಿಂದಲೇ "ಬಗೆಹರೀಲಿ ಬಿಡ್ರಿ, ಆಮ್ಯಾಲೆ ತಗೋತೀನಿ" ಎಂದರೆ ತಪ್ಪೇನಿಲ್ಲ. ದೊಡ್ಡವರ ನಡುವೆಯೂ ಹೀಗಾದದ್ದುಂಟು. ಕಾವೇರಿಗಾಗಿ ತಮಿಳುನಾಡು 1971ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ನಮ್ಮ ರಾಜ್ಯದ ಮೇಲೆ ದಾವೆ ಹೂಡಿ, ಮಾತುಕತೆಯ ಭರವಸೆಯ ಮೇಲೆ ಮರುವರ್ಷ ವಾಪಸ್ ಪಡೆಯಿತು. ಅಲ್ಲಿನ ರೈತರ ಸಂಘ ಬೇರೆ ದಾರಿಯಿಂದ, ರಿಟ್ ಅರ್ಜಿಯ ಮೂಲಕ, 1983ರಲ್ಲಿ ಬಂತು. ನ್ಯಾಯಮಂಡಳಿ ರಚನೆಯಾದದ್ದು 1990ರ ಜೂನ್‌ನಲ್ಲಿ. ಒಂದು ರಾಜ್ಯಕ್ಕೆ ಹದಿನೆಂಟು ವರ್ಷ ಕಾಯುವ ಶಕ್ತಿಯಿರುತ್ತದೆ, ಎರಡೆಕರೆಯವರಿಗೆ ಇರುವುದಿಲ್ಲ.

ಅರ್ಜಿ ಬರೆಸುವಾಗ ವಕೀಲರ ಪಕ್ಕದಲ್ಲಿ ಕುಳಿತು ಓದಿಸಿ ಕೇಳಿ. ದೋಷ ಯಾವುದು, ಹೊಸದಾಗಿ ಹೋಗುವುದು ಎಲ್ಲಿಗೆ, ಯಾವ ಪರಿಹಾರಕ್ಕೆ ಎಂಬುದು ಅದರಲ್ಲಿರಬೇಕು, ಪ್ರಮಾಣಪತ್ರ ಜೊತೆಗಿರಬೇಕು. ಅನುಮತಿ ಕೊಡದಿದ್ದರೆ ದಾವೆ ಮುಂದುವರಿಸುತ್ತೇವೆ ಎಂಬ ಒಂದು ವಾಕ್ಯವನ್ನೂ ಸೇರಿಸುವುದು ಕ್ಷೇಮ. ಸ್ವಾತಂತ್ರ್ಯದೊಂದಿಗೆ ವಾಪಸಾತಿ ಎಂಬುದು ಒಂದೇ ಕೋರಿಕೆ, ಅದನ್ನು ಎರಡಾಗಿ ಸೀಳಿ ವಾಪಸಾತಿ ಕೊಟ್ಟು ಸ್ವಾತಂತ್ರ್ಯ ನಿರಾಕರಿಸಲಾಗದು ಎಂದು ಹಲವು ಹೈಕೋರ್ಟುಗಳು ಹೇಳಿವೆ. ಆದರೂ ನಿಮ್ಮ ಅರ್ಜಿಯಲ್ಲೇ ಅದು ಇದ್ದರೆ ಚೆನ್ನ. ಕೋರ್ಟು ಖರ್ಚು ಕಟ್ಟುವ ಷರತ್ತು ಹಾಕಿದರೆ ಹೊಸ ದಾವೆಗೆ ಮೊದಲು ಅದನ್ನು ಕಟ್ಟಿ ರಸೀದಿ ಇಟ್ಟುಕೊಳ್ಳಿ. ಆದೇಶವಾದ ಕೂಡಲೇ ದೃಢೀಕೃತ ನಕಲು ತೆಗೆಸಿ, ಹಾಜರುಪಡಿಸಿದ್ದ ಮೂಲ ದಾಖಲೆಗಳನ್ನು ವಾಪಸ್ ಪಡೆಯಿರಿ. ನ್ಯಾಯಾಧೀಶರು ಬಾಯಿಮಾತಿನಲ್ಲಿ ಹೇಳಿದ್ದು, ವಕೀಲರು ವರಾಂಡದಲ್ಲಿ ಹೇಳಿದ್ದು ಮುಂದಿನ ಕೋರ್ಟಿನಲ್ಲಿ ಲೆಕ್ಕಕ್ಕೆ ಬರುವುದಿಲ್ಲ. ಸ್ವಾತಂತ್ರ್ಯದ ಸಾಲು ನಕಲಿನಲ್ಲಿ ಬಿಟ್ಟುಹೋಗಿದ್ದರೆ ಅದೇ ವಾರ ಅದೇ ಕೋರ್ಟಿಗೆ ತಿದ್ದುಪಡಿಯ ಅರ್ಜಿ ಹಾಕಿ.

ಈಗಾಗಲೇ ಬರೀ ಮೆಮೊ ಕೊಟ್ಟು ವಾಪಸ್ ಪಡೆದವರಿಗೂ ದಾರಿ ಪೂರ್ತಿ ಮುಚ್ಚಿಲ್ಲ. ತಪ್ಪು ತಿಳಿವಳಿಕೆಯಿಂದಲೋ ಮೋಸದಿಂದಲೋ ಆದ ವಾಪಸಾತಿಯನ್ನು ಸಿವಿಲ್ ಪ್ರಕ್ರಿಯಾ ಸಂಹಿತೆಯ 151ನೇ ಕಲಮಿನ ಅಂತರ್ಗತ ಅಧಿಕಾರದಿಂದ ಹಿಂಪಡೆಯಬಹುದು ಎಂದು ಜೆಟ್ ಪ್ಲೈವುಡ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2006ರಲ್ಲಿ ಒಪ್ಪಿದೆ. ವಿಶೇಷ ಸಂದರ್ಭಕ್ಕೆ ಮಾತ್ರ ಸಿಗುವ ಪರಿಹಾರವದು, ತಡ ಮಾಡಿದಷ್ಟೂ ದೂರ ಸರಿಯುತ್ತದೆ. ಅನುಮತಿಯನ್ನು ಕಾರಣವಿಲ್ಲದೆ ನಿರಾಕರಿಸಿದರೆ ಸಂವಿಧಾನದ 227ನೇ ವಿಧಿಯಡಿ ಧಾರವಾಡ ಪೀಠಕ್ಕೆ ಹೋಗಬಹುದು. ವಕೀಲರಿಗೆ ಕೊಡಲು ಹಣವಿಲ್ಲದವರು ತಾಲ್ಲೂಕು ಕೋರ್ಟಿನಲ್ಲೇ ಇರುವ ಕಾನೂನು ಸೇವಾ ಸಮಿತಿಯನ್ನು ಕೇ​ಳಬಹುದು. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ಎಷ್ಟೇ ಇರಲಿ ಅಲ್ಲಿ ಉಚಿತ ವಕೀಲರು ಸಿಗುತ್ತಾರೆ. ಸಹಾಯವಾಣಿ 15100. ಮೆಮೊಗೆ ಸಹಿ ಹಾಕುವ ಮೊದಲು ಆ ಸಂಖ್ಯೆಗೆ ಒಮ್ಮೆ ಕರೆ ಮಾಡಿ ವಿಚಾರಿಸಿ.